ಅಟ್ಟದ ಮೇಲೆ ಸತ್ತ ಮೂವರು

ನಟರಾಜನನ್ನು ಈ ಮನೆಗೆ ಕರೆದು ತಂದವನು ತಾನೇ ಎಂಬುದು ಅಂಗಪ್ಪನಿಗೆ ಎಲೆ ಮುಂದೆ ಕೂತಾಗಲೆಲ್ಲ ಗಂಟಲಿಗೆ ಅಡ್ಡ ಬರುತ್ತಿತ್ತು. ಅಮ್ಮ ತೀರಿಕೊಂಡ ಮೇಲೆ ಸೋಮನೂರಿನ ಸೋದರಮಾವ ಚೆನ್ನಿಯಪ್ಪನ್ ಅಂಗಪ್ಪನನ್ನು ತನ್ನ ಮನೆಯಲ್ಲಿಟ್ಟುಕೊಂಡು ಸಾಕಿದ್ದ, ಕೊಯಮತ್ತೂರಿನ ಎಂಜಿನಿಯರಿಂಗ್ ಕಾಲೇಜಿಗೂ ಸೇರಿಸಿದ್ದ. "ಕುಮಾರಿ ನಿನಗೇ ಡಾ, ಬೇರೆ ಯಾರಿಗೆ ಕೊಡ್ಲಿ?" ಎಂದು ಮಗಳು ವಿಜಯಕುಮಾರಿಯ ಬಗ್ಗೆ ಮಗ್ಗದ ಸದ್ದನ್ನೂ ಮೀರಿಸಿ, ಬೀದಿಯವರ ಮುಂದೆ ಹೇಳಿದ್ದ. ಮಾವನ ಮಗಳು ಅತ್ತೆಯ ಮಗನಿಗೆ ಎಂಬುದು ಆ ಬೀದಿಯಲ್ಲಿ ಹೇಳಬೇಕಾದ ಮಾತೂ ಆಗಿರಲಿಲ್ಲ. ಆಮೇಲೆ ಸಹಪಾಠಿ ನಟರಾಜನ್, ಗಣಪತಿ ಬಡಾವಣೆಯ ಪಂಪ್ ವರ್ಕ್‌ಶಾಪಿನವರ ಮಗ, ಆಟಕ್ಕೆಂದು ಬಂದ. ಆಡುತ್ತ ಕಾಪಿ ಕುಡಿದ. ಕಾಪಿ ತಂದವಳನ್ನು ನೋಡಿದ. ಬರುವ ಬುಧವಾರ ವಿಜಯಕುಮಾರಿಗೂ ಅವನಿಗೂ ನಿಶ್ಚಯ.

"ಮಗ್ಗದ ಮನೆ ಹುಡ್ಗಿ ಮಗ್ಗದ ಮನೇಲೇ ಸಾಯ್ಬೇಕು ಅಂತ ಬರೆದೈತಾ? ಅವ್ಳಾದ್ರೂ ಈ ಸದ್ದಿಂದ ಆಚೆ ಹೋಗ್ಲಿ ಬಿಡಪ್ಪಾ" ಎಂದಿದ್ದ ಮಾವ. ಹೇಳುವಾಗ ಅಂಗಪ್ಪನ ಮುಖ ನೋಡಿರಲಿಲ್ಲ.

ಅಂಗಪ್ಪನ್ ಜಗಳವಾಡಲಿಲ್ಲ. ಜಗಳವಾಡುವವನು ತನ್ನ ಬಲವನ್ನೆಲ್ಲ ಮೊದಲೇ ಎದುರಾಳಿಗೆ ತೋರಿಸಿಬಿಡುತ್ತಾನೆ ಎಂದು ಆಟ ಅವನಿಗೆ ಕಲಿಸಿತ್ತು.

ಆ ಆಟದ ಪೆಟ್ಟಿಗೆಯನ್ನು ತಂದುಕೊಟ್ಟವನು ಗೆಳೆಯ ಗೋವಿಂದಸಾಮಿಯ ಅಣ್ಣ, ಸಿಂಗಪುರದಲ್ಲಿದ್ದವನು. ಮಣೆಯಿಲ್ಲ, ಕಾಯಿಗಳಿಲ್ಲ. ದಪ್ಪನೆಯ ಒಂದು ಇಂಗ್ಲಿಷ್ ಪುಸ್ತಕ ಮತ್ತು ಬಗೆಬಗೆಯ ದಾಳಗಳು, ಅಷ್ಟೇ. ಆಡುವವನು ಕಾಗದದ ಮೇಲೆ ಒಬ್ಬ ವೀರನನ್ನು ಹುಟ್ಟಿಸಬೇಕು. ಹುಟ್ಟಿದ ವೀರನಿಗೆ ಇಷ್ಟೇ ಎಂದು ಪಾಯಿಂಟುಗಳು ಸಿಗುತ್ತವೆ. ಅವನ್ನು ಕತ್ತಿವರಸೆ, ಗೋಡೆ ಹತ್ತುವುದು, ಅಡಗಿಕೊಳ್ಳುವುದು, ಬೀಗ ತೆಗೆಯುವುದು, ಸುಳ್ಳು ಹೇಳುವುದು ಎಂದು ಬೇರೆ ಬೇರೆ ವಿದ್ಯೆಗಳಿಗೆ ಹಂಚಬೇಕು. ಒಂದಕ್ಕೆ ಹೆಚ್ಚು ಸುರಿದರೆ ಇನ್ನೊಂದು ಒಣಗುತ್ತದೆ. ಪುಸ್ತಕವನ್ನು ಪೂರ್ತಿ ಓದಿದವನು ಅಂಗಪ್ಪನ್ ಒಬ್ಬನೇ, ಆದ್ದರಿಂದ ಕತೆ ನಡೆಸುವವನೂ ಅವನೇ. ರಟ್ಟಿನ ಮರೆಯೊಂದರ ಹಿಂದೆ ಕೂತು ಅವನು ಕಾಡು, ಕೋಟೆ, ಭೂತಗಳನ್ನು ಹೇಳುತ್ತ ಹೋಗುವನು. ನಟರಾಜನ್, ಗೋವಿಂದಸಾಮಿ, ಕೃಷ್ಣಸಾಮಿ ಮೂವರೂ ತಮ್ಮ ತಮ್ಮ ವೀರರ ಪರವಾಗಿ ದಾಳ ಎಸೆಯುವರು.

ಆಡುತ್ತಿದ್ದದ್ದು ಮಾವನ ಮಗ್ಗದ ಶೆಡ್ಡಿನ ಅಟ್ಟದಲ್ಲಿ, ನೂಲಿನ ಮೂಟೆಗಳ ನಡುವೆ. ಕೆಳಗೆ ಪವರ್‌ಲೂಮ್‌ಗಳು ಕುಟ್ಟುತ್ತಿದ್ದರೆ ಮೇಲೆ ಕೂತವರ ಹಲ್ಲು ಸಣ್ಣಗೆ ನಡುಗುತ್ತಿತ್ತು. ಹಲಗೆಗಳ ಸಂದಿಯಿಂದ ಹತ್ತಿಯ ನವಿರು ಎದ್ದು ಬಂದು ದಾಳದ ಮೇಲೆ, ಕಾಪಿಯ ಕೆನೆಯ ಮೇಲೆ, ತಲೆ ಮೈಮೇಲೆ ಇಳಿಯುತ್ತಿತ್ತು. ಸೋಮನೂರಿನವರು ಅದನ್ನು ಗಮನಿಸುವುದೇ ಇಲ್ಲ. ತಮ್ಮ ಮೂಗಿನ ತುದಿಯನ್ನು ಯಾರು ನೋಡಿಕೊಳ್ಳುತ್ತಾರೆ? ಈ ಮನೆಯ ಅಳಿಯ, ಮಾಪಿಳ್ಳೆ, ಆಗಲಿದ್ದ ನಟರಾಜನಿಗೆ ಮಾತ್ರ ಪ್ರತಿಸಲವೂ ಅದೇ ತಮಾಷೆ. "ಹೆಣ್ಣು ಕೊಡೋ ಮೊದ್ಲೇ ಮಾಪಿಳ್ಳೆನ ತಾತ ಮಾಡಿ ಕಳಿಸ್ತೀರಲ್ಲ ಡಾ!" ಉಳಿದಿಬ್ಬರೂ ನಗುವರು. ಅಂಗಪ್ಪನೂ ನಗುವನು, ಎಲ್ಲರಿಗಿಂತ ಸ್ವಲ್ಪ ತಡವಾಗಿ.

ಉಪಾಯ ಅವನಿಗೆ ಹೊಳೆದದ್ದು ಒಂದು ಹಲ್ಲಿಯಿಂದ. ಒಂದು ಶನಿವಾರ ಕೃಷ್ಣಸಾಮಿಯ ವೀರ ಬಾವಿಗೆ ಬಿದ್ದು ಸತ್ತ, ಅವನು ಹೊಸಬನಿಗೆ ಪಾಯಿಂಟು ಹಂಚಲು ಕೂತ. ಬೀಗದ ವಿದ್ಯೆಗೆ ಎರಡು ಕಿತ್ತು ಕತ್ತಿಗೆ ಹಾಕುವನು, ಮತ್ತೆ ಅಳಿಸುವನು. ತೊಲೆಯಿಂದ ಹಲ್ಲಿಯೊಂದು ಸೀದಾ ಅವನ ತೊಡೆಯ ಮೇಲೆ ಬಿತ್ತು. ಹಲ್ಲಿ ಬಿದ್ದರೆ ಓಡಿಹೋಗಿ ಸ್ನಾನ ಮಾಡುವ ಹುಡುಗ, ಅವತ್ತು ಅದನ್ನು ಅನ್ನದ ಅಗುಳಿನ ಹಾಗೆ ಒರೆಸಿ ಎಸೆದು ಲೆಕ್ಕ ಮುಂದುವರಿಸಿದ. ಪಾಯಿಂಟು ಹಂಚುವ ಹೊತ್ತಿನಲ್ಲಿ ಮನುಷ್ಯ ಕುರುಡ ಎಂದು ಅಂಗಪ್ಪನಿಗೆ ಆಗ ತಿಳಿಯಿತು. ಒಬ್ಬ ಸತ್ತರೆ ಒಬ್ಬ ಕುರುಡ. ಮೂವರೂ ಒಟ್ಟಿಗೆ ಸತ್ತರೆ?

ಕದಿಯಬೇಕಾದದ್ದು ಕೆಂಪು ಕಲ್ಲಿನ ಅಡ್ಡಿಗೆ. ನಟರಾಜನ ತಾಯಿಯ ಕೊರಳಲ್ಲಿದ್ದ ಒಡವೆ. ನಿಶ್ಚಯದ ದಿನ ಹುಡುಗಿಯ ಕೊರಳಿಗೆ ಹಾಕಲೆಂದು ಮೊದಲೇ ಕಳಿಸಿದ್ದರು, ಅಜ್ಜಿ ನಾಚಿಯಮ್ಮ ಅದನ್ನು ದೇವರ ಮನೆಯಲ್ಲಿ ಚೌಡಮ್ಮನ ಪಾದದ ಬಳಿ ಇಟ್ಟಿದ್ದಳು. ಅಂಗಪ್ಪನಿಗೆ ಒಡವೆಯ ಆಸೆ ಇರಲಿಲ್ಲ. ಅವನಿಗೆ ಬೇಕಾಗಿದ್ದದ್ದು ಅನುಮಾನ. ಗಂಡಿನ ಮನೆಯ ಒಡವೆ ಹೆಣ್ಣಿನ ಮನೆಯಲ್ಲಿ, ಅದೂ ದೇವರ ಮುಂದಿನಿಂದ ಕಳೆದುಹೋದರೆ ಒಬ್ಬರು ಇನ್ನೊಬ್ಬರ ಮುಖ ನೋಡುವುದಿಲ್ಲ. ನೀವೇ ನುಂಗಿದಿರಿ ಎಂದು ಅವರು, ನೀವೇ ಬಂದು ಎತ್ತಿಕೊಂಡಿರಿ ಎಂದು ಇವರು. ಆಮೇಲೆ ಅಪಶಕುನದ ಮಾತು. ಆ ಗದ್ದಲವೆಲ್ಲ ಇಳಿದ ಮೇಲೆ ಮನೆಯಲ್ಲಿ ಮಾತಿಲ್ಲದೆ ಕೂತಿರುವ ಹುಡುಗನೊಬ್ಬ ಮಾವನ ಕಣ್ಣಿಗೆ ಬೀಳುತ್ತಾನೆ.

ದಿನವನ್ನೂ ಅವನು ಆರಿಸಿಕೊಂಡ. ನಿಶ್ಚಯಕ್ಕೆ ಮುಂಚಿನ ಶನಿವಾರ ಬೆಳಿಗ್ಗೆ ನಟರಾಜನ ಸೋದರತ್ತೆ ಬಂದು ದೇವರಿಗೆ ಹೂ ಕೊಟ್ಟು ಹೋಗುವವಳಿದ್ದಳು. ದೇವರ ಮನೆಗೆ ಕೊನೆಯದಾಗಿ ಕಾಲಿಟ್ಟ ಹೊರಗಿನವಳು ಗಂಡಿನ ಕಡೆಯವಳೇ ಆಗಿರುತ್ತಾಳೆ. ಮಧ್ಯಾಹ್ನ ಬೀದಿ ಕೊಳಾಯಿಗೆ ನೀರು ಬಿಟ್ಟಾಗ ಅಜ್ಜಿ, ಕುಮಾರಿ ಇಬ್ಬರೂ ಕೊಡ ಹಿಡಿದು ಸಾಲಿನಲ್ಲಿ ನಿಲ್ಲುತ್ತಾರೆ. ಮಾವ ಶೆಡ್ಡಿನ ಬಾಗಿಲು ಬಿಟ್ಟು ಕದಲುವುದಿಲ್ಲ. ಅಟ್ಟಕ್ಕೆ ಹಿಂದುಗಡೆಯಿಂದಲೂ ಒಂದು ಮರದ ಮೆಟ್ಟಿಲು, ಅದರ ಬುಡದಲ್ಲಿ ಬಚ್ಚಲು, ಅಲ್ಲಿಂದ ಮನೆಯ ಹಿತ್ತಿಲ ಬಾಗಿಲು.

ತನ್ನನ್ನೇ ಒಬ್ಬ ವೀರನನ್ನಾಗಿ ಇಟ್ಟುಕೊಂಡು ಅವನು ಪಾಯಿಂಟು ಹಂಚಿದ. ಅಡಗುವ ವಿದ್ಯೆಗೆ ಅಷ್ಟೇನೂ ಬೇಡ, ಮಗ್ಗದ ಸದ್ದೇ ಅಡಗಿಸುತ್ತದೆ. ಬೀಗಕ್ಕೆ ಬೇಡವೇ ಬೇಡ, ದೇವರ ಮನೆಗೆ ಬೀಗವಿಲ್ಲ. ಸುಳ್ಳಿಗೆ ಸ್ವಲ್ಪ ಸಾಕು, ಅವನ ಪರವಾಗಿ ಮೂವರು ಸತ್ಯವಂತರು ಸುಳ್ಳು ಹೇಳುತ್ತಾರೆ. ಉಳಿದದ್ದೆಲ್ಲವನ್ನೂ ಒಂದೇ ವಿದ್ಯೆಗೆ ಸುರಿದ: ಗುರುತು ಬಿಡದಿರುವುದು.

ಏಕೆಂದರೆ ಅಪಾಯ ಇದ್ದದ್ದು ಅಲ್ಲೇ. ದೇವರ ಮನೆಯದು ಕೆಂಪು ಸಿಮೆಂಟಿನ ನೆಲ, ಅಜ್ಜಿ ಎಣ್ಣೆ ಬಟ್ಟೆಯಲ್ಲಿ ಉಜ್ಜಿ ಉಜ್ಜಿ ಕನ್ನಡಿ ಮಾಡಿದ್ದಳು. "ಹತ್ತಿ ಹೊತ್ಕೊಂಡು ತಾಯಿ ಮುಂದೆ ನಿಲ್ಬೇಡಿ, ಬಾಚ್ಕೊಂಡು ಬನ್ನಿ" ಎಂದು ಮಾವನನ್ನೂ ಬಾಗಿಲಲ್ಲೇ ತಡೆಯುವವಳು. ಆ ನೆಲದ ಮೇಲೆ ಒಂದು ಬಿಳಿ ಎಳೆ ಬಿದ್ದರೂ ಕಳ್ಳ ಶೆಡ್ಡಿನಿಂದ ಬಂದವನು ಎಂದು ಅದೇ ಸಾರುತ್ತದೆ. ಎಳೆ ಇಲ್ಲದಿದ್ದರೆ ಕಳ್ಳ ಹೊರಗಿನವನು. ಅಂಗಪ್ಪನ್ ಹೇನು ಬಾಚಣಿಗೆಯನ್ನೂ ಒಣ ಟವೆಲನ್ನೂ ಬಚ್ಚಲಲ್ಲಿ ಮೊದಲೇ ಇಟ್ಟ. ನೀರು ಮುಟ್ಟಬಾರದು ಎಂದೂ ಯೋಚಿಸಿದ. ಒದ್ದೆ ತಲೆ ಸಾಕ್ಷಿ ಹೇಳುತ್ತದೆ. ಅಷ್ಟು ದೂರ ಯೋಚಿಸಿದ್ದಕ್ಕೆ ಅವನಿಗೇ ತನ್ನ ಮೇಲೆ ಹೆಮ್ಮೆಯಾಯಿತು.

ಶನಿವಾರ ಊಟ ಮುಗಿಸಿ ಮೂವರೂ ಅಟ್ಟ ಹತ್ತಿದರು. ಅಂಗಪ್ಪನ್ ಅವರನ್ನು ಒಂದು ಗುಹೆಯೊಳಕ್ಕೆ ಕರೆದೊಯ್ದ. ತುಂಬ ಹೊತ್ತು, ನಿಧಾನವಾಗಿ, ಆಸೆ ತೋರಿಸುತ್ತ ಒಯ್ದ. ತಲೆಯ ಮೇಲೆ ನವಿರು ಇಳಿಯುತ್ತಲೇ ಇತ್ತು. ಕಡೆಗೆ ಗುಹೆಯ ಬಾಯಿ ಮುಚ್ಚಿ, ಚಾವಣಿ ಕೆಡವಿ, ಮೂವರು ವೀರರನ್ನೂ ಒಂದೇ ಮಾತಿನಲ್ಲಿ ಕೊಂದ.

"ಅನ್ಯಾಯ ಡಾ ಇದು!" ಗೋವಿಂದಸಾಮಿ ದಾಳ ಎಸೆದ. "ಒಬ್ನಾದ್ರೂ ಓಡ್ಬಾರ್ದಾ?"

"ಕೊಲ್ಲೋದಕ್ಕೇ ಕರ್ಕೊಂಡ್ ಬಂದವ್ನೆ ಇವ್ನು" ಎಂದ ನಟರಾಜನ್. "ಏನ್ ಡಾ, ನನ್ ಮೇಲೆ ಏನಾದ್ರೂ ಕೋಪಾನಾ?"

ಅಂಗಪ್ಪನ್ ನಕ್ಕ. "ಹೊಸಬರನ್ನ ಹುಟ್ಟಿಸ್ಕೊಳ್ಳಿ. ಈ ಸಲ ಪಾಯಿಂಟು ಜಾಸ್ತಿ. ಆದ್ರೆ ಒಂದು ಮಾತು. ನಿಮ್ಮಲ್ಲಿ ಒಬ್ಬ ದ್ರೋಹಿ ಆಗಿರ್ತಾನೆ, ಯಾರು ಅಂತ ಆಮೇಲೆ ಹೇಳ್ತೀನಿ. ಅದಕ್ಕೇ ಯಾರ ವಿದ್ಯೆ ಏನೂಂತ ಇನ್ನೊಬ್ರಿಗೆ ಗೊತ್ತಾಗ್ಬಾರ್ದು. ಮುಗಿಯೋವರೆಗೆ ನನ್ನನ್ನ ಏನೂ ಕೇಳ್ಬೇಡಿ. ಕೇಳಿದ್ರೆ ಒಂದು ಪಾಯಿಂಟು ಕಟ್."

ಮೂವರ ಕಣ್ಣೂ ಕಿರಿದಾದವು. ಸ್ನೇಹಿತರಾಗಿ ಅಟ್ಟ ಹತ್ತಿದವರು ಕಾಗದವನ್ನು ಎದೆಗೆ ಒತ್ತಿಕೊಂಡು ಒಬ್ಬೊಬ್ಬರು ಒಂದೊಂದು ಮೂಲೆಗೆ ಸರಿದು, ಮೂಟೆಗಳ ಹಿಂದೆ ಗೋಡೆಗೆ ಮುಖ ಮಾಡಿ ಕೂತರು. ಅನುಮಾನಕ್ಕೆ ಎಷ್ಟು ಸ್ವಲ್ಪ ಸಾಕು ಎಂದು ಅಂಗಪ್ಪನ್ ಒಂದು ಗಳಿಗೆ ನೋಡುತ್ತ ನಿಂತ. ಹಿಂದಿನ ಮೆಟ್ಟಿಲಿಳಿದ.

ಎಲ್ಲವೂ ಅವನು ಹಾಕಿದ ಗೆರೆಯ ಮೇಲೇ ನಡೆಯಿತು. ಬಚ್ಚಲಲ್ಲಿ ಅಂಗಿ ಕಳಚಿ ಕೊಡವಿದ. ತಲೆ ಬಗ್ಗಿಸಿ ಹಿಂದಿನಿಂದ ಮುಂದಕ್ಕೆ, ಮುಂದಿನಿಂದ ಹಿಂದಕ್ಕೆ ಬಾಚಿ ಬೈತಲೆ ತೆಗೆದ. ಹುಬ್ಬು, ಕಿವಿಯ ಸುರುಳಿ, ಮುಂಗೈಯ ರೋಮ ಒಂದೂ ಬಿಡದೆ ಒರೆಸಿದ. ದೇವರ ಮನೆಯ ಬಾಗಿಲ ಗಂಟೆಗಳು ಅಲುಗಿದವು, ಮಗ್ಗಗಳು ಆ ಸದ್ದನ್ನು ನುಂಗಿದವು. ಚೌಡಮ್ಮನ ಮುಖವನ್ನು ಅವನು ನೋಡಲಿಲ್ಲ. ಹೊರಬರುವಾಗ ಬಗ್ಗಿ ನೆಲ ನೋಡಿದ. ಕೆಂಪು ನೆಲದಲ್ಲಿ ಕಂಡದ್ದು ಅವನ ನೆರಳೊಂದೇ. ಮೆಟ್ಟಿಲ ಕೆಳಗಿದ್ದ, ನೂಲು ಸುತ್ತಿದ ರಟ್ಟಿನ ಕೋನ್‌ಗಳ ರಾಶಿಯಲ್ಲಿ, ತಳದ ಒಂದು ಕೋನಿನ ಪೊಳ್ಳಿಗೆ ಅಡ್ಡಿಗೆಯನ್ನು ತುರುಕಿದ. ಎಂದೋ ಸಿಕ್ಕಿದರೂ ಅದು ಯಾರ ಹೆಸರನ್ನೂ ಹೇಳುವುದಿಲ್ಲ.

ಮೇಲೆ ಬಂದಾಗ ಮೂವರು ಸತ್ಯವಂತರೂ ಗೋಡೆಗೆ ಮುಖ ಮಾಡಿಯೇ ಇದ್ದರು. ಅವನು ರಟ್ಟಿನ ಮರೆಯ ಹಿಂದೆ ಕೂತು ಕೆಮ್ಮಿದ. "ಮುಗೀತಾ?"

"ತಾಳ್ ಡಾ!" ಎಂದು ಮೂವರೂ ಒಟ್ಟಿಗೆ ಕೂಗಿದರು.

ಅಷ್ಟರಲ್ಲಿ ಕರೆಂಟು ಹೋಯಿತು. ಮಗ್ಗಗಳು ಒಂದೊಂದಾಗಿ ನಿಂತವು, ಹಲಗೆಯ ಸಂದಿಯಿಂದ ನವಿರು ಏಳುವುದೂ ನಿಂತಿತು. ಕಿವಿಯಲ್ಲಿ ನೀರು ಹೊಕ್ಕ ಹಾಗೆ ಮೌನ ತುಂಬಿಕೊಂಡಿತು. ಇದೊಂದು ಅವನ ಲೆಕ್ಕದಲ್ಲಿ ಇರಲಿಲ್ಲ. ಆದರೆ ಕೆಲಸ ಮುಗಿದ ಮೇಲೆ ಸದ್ದು ಇದ್ದರೇನು, ಇಲ್ಲದಿದ್ದರೇನು? ಚೌಡಮ್ಮನೇ ತನ್ನ ಕಡೆ ಇದ್ದಾಳೆ ಎಂದುಕೊಂಡ. ಕರೆಂಟು ಬರಲಿಲ್ಲ. ಹೊತ್ತು ಇಳಿಯಿತು. ಕಿಟಕಿಯ ಬೆಳಕಿನಲ್ಲಿ ಮೂವರೂ ಇನ್ನೂ ಪಾಯಿಂಟು ಅಳಿಸಿ ಬರೆಯುತ್ತಿದ್ದಾಗ, ದೀಪ ಹಚ್ಚಲು ಹೋದ ಅಜ್ಜಿಯ ಕೂಗು ಆ ಮೌನದಲ್ಲಿ ಬೀದಿಗೆಲ್ಲ ಕೇಳಿಸಿತು.

ಮಾವ ಮೆಟ್ಟಿಲು ಹತ್ತಿ ಬಂದ. ಹಿಂದೆಯೇ ಕೈದೀಪ ಹಿಡಿದ ಅಜ್ಜಿ, ಅವಳ ತೋಳು ಹಿಡಿದು ಕುಮಾರಿ.

"ಯಾರಾದ್ರೂ ಕೆಳಗೆ ಬಂದ್ರಾ?" ಎಂದ ಮಾವ. "ನಿಜ ಹೇಳಿ. ಅಡ್ಡಿಗೆ ಇಲ್ಲ."

"ಯಾರೂ ಅಲ್ಲಾಡ್ಲಿಲ್ಲ ಮಾವ" ಎಂದ ಗೋವಿಂದಸಾಮಿ. "ಮಧ್ಯಾಹ್ನದಿಂದ ಇಲ್ಲೇ ಲೆಕ್ಕ ಹಾಕ್ತಾ ಕೂತಿದೀವಿ."

"ಅಂಗಪ್ಪನ್ ನಮ್ಮ ಎದುರಿಗೇ ಇದ್ದ" ಎಂದು ಕೃಷ್ಣಸಾಮಿ ಆಣೆ ಇಟ್ಟ. ನಂಬಿಯೇ ಇಟ್ಟ.

"ನಾನೂ ಕದಲ್ಲಿಲ್ಲ ಮಾವ" ಎಂದ ಅಂಗಪ್ಪನ್ ಮೆಲ್ಲಗೆ. ಸುಳ್ಳಿಗೆಂದು ಇಟ್ಟಿದ್ದ ಸ್ವಲ್ಪ ಪಾಯಿಂಟು ಅಲ್ಲಿ ಖರ್ಚಾಯಿತು.

ಮಾವ ಗೋಡೆಗೆ ಒರಗಿದ. "ನೆಲದ ಮೇಲೆ ಒಂದ್ ಎಳೆ ಹತ್ತಿ ಇಲ್ಲ. ಶೆಡ್ಡಿಂದ ಯಾರೂ ಬಂದಿಲ್ಲ. ಹಂಗಂದ್ರೆ ಹೊರಗಿನೋರು." ನಟರಾಜನ ಕಡೆ ತಿರುಗಿ, "ಬೆಳಿಗ್ಗೆ ನಿಮ್ಮತ್ತೆ ಬಂದ್ ಹೋದ್ರು..."

ನಟರಾಜನ್ ಎದ್ದು ನಿಂತ. "ಏನ್ ಮಾತಿದು? ನಮ್ಮ ಒಡವೇನ ನಾವೇ ಕದ್ದೀವಾ? ಇಂಥಾ ಮನೇಲಿ ಹೆಣ್ಣು ತಗೊಳ್ಳೋಕೆ ನಾವೇನ್ ಬಿದ್ದಿಲ್ಲ!"

ಕುಮಾರಿಯ ಮುಖ ಬಿಳಿಚಿತು. ಅಂಗಪ್ಪನ್ ತಲೆ ತಗ್ಗಿಸಿದ, ನಗು ಕಾಣಿಸಬಾರದೆಂದು. ತಾನು ಬರೆದ ಮಾತುಗಳನ್ನೇ ಅವರು ಒಪ್ಪಿಸುತ್ತಿದ್ದಾರೆ ಎನ್ನಿಸಿತು.

ಜಗಳವಾಡುತ್ತಿದ್ದವರ ನಡುವೆ ನಾಚಿಯಮ್ಮ ಕೈದೀಪ ಎತ್ತಿ ಹಿಡಿದು ಒಬ್ಬೊಬ್ಬರನ್ನೇ ನೋಡುತ್ತ ಬಂದಳು. ದೀಪದ ಬೆಳಕಿಗೆ ಕೃಷ್ಣಸಾಮಿಯ ತಲೆ ಬೆಳ್ಳಗೆ ಹೊಳೆಯಿತು. ಗೋವಿಂದಸಾಮಿಯ ಹುಬ್ಬು ಮೀಸೆ ಎರಡೂ ನರೆತಿದ್ದವು. ಕೋಪದಲ್ಲಿ ನಿಂತಿದ್ದ ನಟರಾಜನ್ ಅವನೇ ಹೇಳುವ ಹಾಗೆ ಪೂರಾ ತಾತನಾಗಿದ್ದ. ಮಧ್ಯಾಹ್ನದಿಂದ ಆ ಅಟ್ಟದಲ್ಲಿ ಕೂತವರೆಲ್ಲ ಮುದುಕರಾಗಿದ್ದರು. ದೀಪ ಅಂಗಪ್ಪನ ಮುಂದೆ ಬಂದು ನಿಂತಿತು. ಅಜ್ಜಿ ಅವನ ತಲೆ ಸವರಿ ಅಂಗೈ ತಿರುಗಿಸಿ ನೋಡಿಕೊಂಡಳು, ಒಂದು ಎಳೆಯೂ ಅಂಟಿರಲಿಲ್ಲ. ಎಣ್ಣೆ ಹೊಳೆಯುವ ಕಪ್ಪು ಕೂದಲು, ನೆಟ್ಟಗೆ ತೆಗೆದ ಬೈತಲೆ. "ನೀನೊಬ್ಬ ಯಾಕ್ ಸಾಮಿ," ಎಂದಳು ಅವಳು, ಮಗುವನ್ನು ಕೇಳುವ ಹಾಗೆ, "ದೇವರ ಮನೆಗೆ ಹೊರಟೋನ ಹಾಗೆ ಬಾಚ್ಕೊಂಡಿದೀಯ?"