ಅಪ್ಪನ ಮಾತನ್ನು ಕದ್ದವನು

“ಹೆಣ ಎಲ್ಲಿ ಬಚ್ಚಿಡೋದು ಅನ್ನೋದೇ ಪ್ರಾಬ್ಲಂ.”

ಸಿಂಗಾಪುರದ ಬ್ಯೂನಾ ವಿಸ್ಟಾದ ಕಾಫಿ ಅಂಗಡಿಯಲ್ಲಿ ಪಕ್ಕದ ಮೇಜಿನವನು ಫೋನಿನಲ್ಲಿ ಇಂಗ್ಲಿಷಿನಲ್ಲಿ ಹಾಗೆಂದದ್ದೇ ತಡ, ಮೈತ್ರೇಯಿ ಬ್ಯಾಗ್ ಎತ್ತಿಕೊಂಡು ಎದ್ದುಬಿಟ್ಟಳು. ಅವನು ಹಿಂದೆಯೇ ಓಡಿಬಂದ.

“ಹೆದರ್ಬೇಡಿ! ನಾನು ಸಿನಿಮಾದಲ್ಲಿ ಮಾತ್ರ ಕೊಲೆ ಮಾಡೋನು.”

ಅವನು ಇಕೆರ್, ಸ್ಪೇನಿನವನು. ಎರಡೇ ಕ್ರೈಂ ಸಿನಿಮಾ ಬರೆದು ಹೆಸರು ಮಾಡಿದ್ದ. ಮೂರನೆಯದಕ್ಕೆ ಅಲ್ಲೇ ಹತ್ತಿರದ ಒನ್-ನಾರ್ತ್ ಬಡಾವಣೆಯ ಸ್ಟುಡಿಯೋ ಒಂದು ಕರೆಸಿಕೊಂಡಿತ್ತು. ಪಕ್ಕದ ಕಟ್ಟಡದಲ್ಲೇ ಮೈಸೂರಿನ ಮೈತ್ರೇಯಿಗೆ ಸಾಫ್ಟ್‌ವೇರ್ ಕೆಲಸ. ಸಂಜೆಯ ಕಾಫಿ ಅಭ್ಯಾಸವಾಯಿತು, ಆಮೇಲೆ ಪ್ರೀತಿಯಾಯಿತು.

ಇಕೆರ್‌ಗೆ ಹುಟ್ಟಿನಿಂದಲೂ ಹೃದಯದ ತೊಂದರೆ. ಮೆಟ್ಟಿಲ ನಡುವೆ ಉಸಿರು ಕಟ್ಟಿದರೆ, ಅವಳನ್ನು ನೋಡಲೆಂದೇ ನಿಂತವನಂತೆ ಕಣ್ಣು ಕಿರಿದಾಗಿಸಿ ನಗುತ್ತಿದ್ದ.

ಒಂದು ಸಂಜೆ ಅವಳು ಯಾರಿಗೂ ಹೇಳದ್ದನ್ನು ಅವನಿಗೆ ಹೇಳಿದಳು. ತಮ್ಮ ಸಂಕೇತ್ ಓಡಿಸುತ್ತಿದ್ದ ಕಾರಿಗೆ ಸಿಕ್ಕಿ ಒಬ್ಬರು ಸತ್ತಿದ್ದರು. ಓಡಿಸಿದ್ದು ನಾನೇ ಎಂದು ಅಪ್ಪ ಜೈಲಿಗೆ ಹೋದರು. ಬಿಡುಗಡೆಯಾದ ದಿನ ಅವರು ಅಂದದ್ದು ಇಷ್ಟೇ: “ಒಳಗೆ ಚೆನ್ನಾಗಿ ನಿದ್ದೆ ಬರ್ತಿತ್ತು ಕಣಮ್ಮ. ಅವನು ಮನೇಲಿದಾನೆ ಅಂತ ಗೊತ್ತಿತ್ತಲ್ಲ.”

ಇಕೆರ್ ಅವಳ ಬೆರಳುಗಳಿಗೆ ಮುತ್ತಿಟ್ಟ. “ಇದು ನನ್ನಲ್ಲೇ ಇರುತ್ತೆ.”

ಮರುವರ್ಷ ಸಿನಿಮಾದ ಮೊದಲ ಪ್ರದರ್ಶನಕ್ಕೆ ಅವಳು ನೀಲಿ ಸೀರೆ ಉಟ್ಟು ಹೋದಳು. ತೆರೆಯ ಮೇಲೆ ಜೈಲಿನ ಬಾಗಿಲಲ್ಲಿ ನಿಂತ ಮುದುಕನೊಬ್ಬ ಮಗಳಿಗೆ ಅದೇ ಮಾತು ಹೇಳಿದ. ಸುತ್ತಲಿನವರೆಲ್ಲ ಕಣ್ಣೊರೆಸಿಕೊಂಡರು. ಮೈತ್ರೇಯಿ ಪಕ್ಕದಲ್ಲಿದ್ದ ಇಕೆರ್‌ನ ಕೈಯಿಂದ ತನ್ನ ಕೈ ಬಿಡಿಸಿಕೊಂಡಳು.

“ಕೇಳ್ಬಹುದಿತ್ತಲ್ಲ?” ಹೊರಗೆ ಬಂದು ಕೇಳಿದಳು.

“ಕೇಳಿದ್ರೆ ಬೇಡ ಅಂತಿದ್ದೆ.”

“ಗೊತ್ತಿದ್ದೂ ಬರೆದ್ಯಾ?”

“ನಾನು ಬರೆದಿದ್ರಲ್ಲಿ ಅದೊಂದೇ ನಿಜ ಮೈತ್ರೇಯಿ. ನನಗೆ ಜಾಸ್ತಿ ಟೈಮ್ ಇಲ್ಲ.”

“ಅದಕ್ಕೆ ನಮ್ಮಪ್ಪನೇ ಬೇಕಿತ್ತಾ?”

ಅವಳು ಒಬ್ಬಳೇ ಎಂಆರ್‌ಟಿ ರೈಲು ಹತ್ತಿದಳು.

ಸಿನಿಮಾ ಆನ್‌ಲೈನ್‌ಗೆ ಬಂದ ವಾರ ಸಂಕೇತ್ ಫೋನ್ ಮಾಡಿದ. “ಅಕ್ಕ, ನೀನೇನಾ ಹೇಳಿದ್ದು?” “ಹೂಂ,” ಅಂದಳು. ಆಮೇಲೆ ಅವನು ಅವಳೊಡನೆ ಮಾತೇ ಬಿಟ್ಟ.

ಇಕೆರ್‌ನ ಹೃದಯದ ಆಪರೇಷನ್ ಸುದ್ದಿ ಕೇಳಿದಾಗ ಹೋಗಬಾರದು ಎಂದುಕೊಂಡಳು. ಆದರೂ ಆಸ್ಪತ್ರೆಗೆ ಹೋದಳು. ದಿಂಬಿಗಿಂತ ಅವನ ಮುಖವೇ ಬೆಳ್ಳಗಿತ್ತು.

“ಕ್ಷಮಿಸಿದ್ಯಾ?”

“ಇಲ್ಲ.”

“ಮತ್ತೆ ಯಾಕೆ ಬಂದೆ?”

“ನೋಡ್ಬೇಕು ಅನ್ನಿಸ್ತು. ಅಷ್ಟೇ.” ಅವಳು ಅವನ ಹೊದಿಕೆ ಸರಿಮಾಡಿದಳು. “ಸುಳ್ಳು ಹೇಳಿದ್ರೆ ಸಮಾಧಾನ ಆಗುತ್ತಾ ನಿನಗೆ?”

“ಬೇಡ,” ಅಂದ. “ಇನ್ನೊಂದ್ ಸ್ವಲ್ಪ ಹೊತ್ತು ಕೂತಿರು.”

ಕೂತಳು. ಗಾಲಿಮಂಚ ಆಪರೇಷನ್ ಥಿಯೇಟರಿನ ಬಾಗಿಲು ಮುಟ್ಟುವವರೆಗೂ ಅವನ ಕೈ ಹಿಡಿದೇ ನಡೆದಳು. ಅಲ್ಲಿಂದ ಇಕೆರ್ ಜೀವಂತ ಮರಳಲಿಲ್ಲ. ಅವನಿಗೆ ಮೂವತ್ನಾಲ್ಕು ವರ್ಷ.