ನಲವತ್ತೇಳು ದಿನಗಳ ಕಾರಣ

"ನಲವತ್ತೇಳು ದಿನ ತಡ! ಒಂದೊಂದು ದಿನಕ್ಕೂ ಕಾರಣ ಕೇಳ್ತಾರೆ. ಏನಂತ ಬರೀಲಿ ನಾನು?"

ವಕೀಲಮ್ಮ ಕಡತವನ್ನು ಮೇಜಿನ ಮೇಲೆ ಕುಕ್ಕಿದಾಗ ಪುಟ್ಟಿ ಕುರ್ಚಿಯಂಚಿಗೆ ಸರಿದಳು. ವಯಸ್ಸು ಐವತ್ತರ ಹತ್ತಿರ ಬಂದಿದ್ದರೂ ಎಲ್ಲರ ಬಾಯಲ್ಲಿ ಅವಳು ಪುಟ್ಟಿಯೇ. ಅಪ್ಪ ಕಟ್ಟಿಸಿ, ಟ್ರಸ್ಟ್ ಮಾಡಿ ಬಿಟ್ಟುಹೋದ ಅಂಧ ಮಹಿಳೆಯರ ಆಶ್ರಯಮನೆಗಾಗಿ ಮದುವೆಯನ್ನೂ ಬೇಡವೆಂದವಳು. ಅಲ್ಲಿದ್ದವರು ಹತ್ತೊಂಬತ್ತು ಜನ. ಅವರಿಗೆ ಬ್ರೈಲ್ ಕಲಿಸುತ್ತಿದ್ದವಳು ಪುಟ್ಟಿಯ ತಾಯಿ, ಅವಳೂ ಹುಟ್ಟುಕುರುಡಿ. ಈಗ ಸರ್ಕಾರದ ಟ್ರಸ್ಟ್ ಕಚೇರಿಯ ಒಂದು ಆದೇಶದಿಂದ ತಾಯಿ ಮಗಳಿಬ್ಬರ ಹೆಸರೂ ಟ್ರಸ್ಟಿಗಳ ದಾಖಲೆಯಿಂದ ಹಾರಿಹೋಗಿತ್ತು. ಉಳಿದದ್ದು ಅಣ್ಣ, ಅತ್ತಿಗೆ. ಕಟ್ಟಡ ಮಾರಲು ಅಣ್ಣ ತುದಿಗಾಲಲ್ಲಿ ನಿಂತಿದ್ದ. ಆದೇಶ ಕೈಸೇರಿದ ಅರವತ್ತು ದಿನದೊಳಗೆ ಮೇಲ್ಮನವಿ ಹಾಕಬೇಕಿತ್ತು. ಆದರೆ ಅಂಥ ಆದೇಶವೊಂದು ಬಂದಿದೆಯೆಂದೇ ಪುಟ್ಟಿಗೆ ಗೊತ್ತಿರಲಿಲ್ಲ!

"ಅಂಚೆಯವನ ಪುಸ್ತಕದಲ್ಲಿ ಹೆಬ್ಬೆಟ್ಟಿದೆಯಲ್ರೀ," ಎಂದರು ವಕೀಲಮ್ಮ.

ಮೂಲೆಯಲ್ಲಿ ಕೂತಿದ್ದ ತಾಯಿಯ ಕೈಯಿಂದ ಬ್ರೈಲ್ ಚುಚ್ಚುವ ಮೊಳೆ ಠಣ್ಣೆಂದು ಕೆಳಗೆ ಬಿತ್ತು.

"ಆ ಹೆಬ್ಬೆಟ್ಟು ನಂದು ಕಣೇ... ಒಳ್ಳೆ ದಪ್ಪ ಕಾಗದ. ಪ್ರೆಸ್ಸಿನವರು ನಮಗೆ ಚುಚ್ಚೋಕೇಂತ ತಿಂಗಳು ತಿಂಗಳೂ ಅಂಚೇಲಿ ಕಳಿಸ್ತಾರಲ್ಲ, ಆ ರದ್ದಿ ಅಂದ್ಕೊಂಡೆ. ಅದರ ಮೇಲೇ ನಿಮ್ಮಣ್ಣಂಗೊಂದು ಕಾಗದ ಚುಚ್ಚಿ, ಗೇಟಿನ ಪಕ್ಕದ ಅಂಚೆ ಡಬ್ಬಕ್ಕೆ ಹಾಕ್ಬಿಟ್ಟೆ!"

ಪುಟ್ಟಿ ತಲೆಯ ಮೇಲೆ ಕೈಹೊತ್ತು ಕೂತಳು. ಅಣ್ಣನಿಗೆ ಕಣ್ಣಿದೆ. ತಾಯಿಯ ಮಡಿಲಲ್ಲಿ ಕೂತು ಬ್ರೈಲನ್ನೂ ಕಲಿತವನು. ತಾಯಿಯ ಚುಕ್ಕಿಗಳ ಜೊತೆಗೇ ಅಚ್ಚಾದ ಆದೇಶವೂ ಅವನ ಕೈಗೆ ಹೋಗಿದೆ! ತಂಗಿ ಅದನ್ನು ನೋಡಿಯೇ ಇಲ್ಲವೆಂದು ಗೊತ್ತಿದ್ದೂ, ಅವಧಿ ಮುಗಿಯುವ ತನಕ ತುಟಿಪಿಟಕ್ಕೆನ್ನದೆ ಕೂತನಲ್ಲ, ಒಡಹುಟ್ಟಿದವನು!

"ಇಷ್ಟು ಸಾಕು!" ವಕೀಲಮ್ಮನ ಮುಖ ಅರಳಿತು. "ಅಮ್ಮ ಜಡ್ಜ್ ಮುಂದೆ ಇದನ್ನೇ ಹೇಳ್ಲಿ, ತಡ ಮನ್ನಾ ಆಗುತ್ತೆ. ಆದೇಶ ಬಂದ ದಿನವೇ ನಿಮ್ಮ ಕೈಸೇರಿದೆ ಅಂತ ನಿಮ್ಮಣ್ಣ ಆಗಲೇ ಟ್ರಸ್ಟ್ ಕಚೇರಿಗೆ ಪ್ರಮಾಣ ಮಾಡಿ ಬರೆದುಕೊಟ್ಟಿದಾರೆ. ಸುಳ್ಳು ಅಂತ ಗೊತ್ತಾದ್ರೆ ಜೈಲೇ ಗತಿ."

ಜೈಲು ಎಂಬ ಮಾತಿಗೆ ತಾಯಿಯ ಮುಖ ಬಿಳಿಚಿಕೊಂಡಿತು.

"ಅವನು ಓದಿರಲ್ಲ ಕಣೇ ಪುಟ್ಟಿ. ಈ ಹೆಣ್ಣುಮಕ್ಕಳನ್ನ ಬೀದಿಗೆ ಹಾಕ್ಬೇಡ ಕಂದಾ ಅಂತ ಬರೆದಿದ್ದೆ. ಓದಿದ್ರೆ ಬರದೆ ಇರ್ತಿದ್ನಾ? ಅವನ ಹೆಂಡ್ತಿ ಮುಚ್ಚಿಟ್ಟಿರ್ತಾಳೆ."

"ಯಾರಾದ್ರೂ ಮುಚ್ಚಿಟ್ಟಿರ್ಲಿ ಬಿಡಮ್ಮ. ನಡೆದದ್ದನ್ನ ನಡೆದ ಹಾಗೆ ಹೇಳು, ಸಾಕು."

ತಾಯಿ ಹ್ಞೂಂ ಎಂದಳು.

ವಿಚಾರಣೆಯ ದಿನ ಕೋರ್ಟಿನ ಇಕ್ಕಟ್ಟು ಕೋಣೆಯಲ್ಲಿ ಹತ್ತೊಂಬತ್ತು ಜನವೂ ಒಬ್ಬರ ಭುಜ ಒಬ್ಬರು ಹಿಡಿದು ಬಂದು ಹಿಂದಿನ ಬೆಂಚುಗಳಲ್ಲಿ ಕೂತರು. ಆಚೆ ಬದಿಯಲ್ಲಿ ಅಣ್ಣ ಒಂದು ಸಲ ಕೆಮ್ಮಿದ. ತಾಯಿಯ ತಲೆ ತಟ್ಟನೆ ಅತ್ತ ತಿರುಗಿತು.

"ಹೇಳಮ್ಮ, ಆ ಲಕೋಟೆ ಏನಾಯ್ತು?" ಎಂದರು ನ್ಯಾಯಾಧೀಶರು.

"ಸ್ವಾಮಿ... ಬಂದ ದಿನಾನೇ ಮಗಳ ಕೈಗೆ ಕೊಟ್ಟೆ."

ನ್ಯಾಯಾಧೀಶರು ಪುಟ್ಟಿಯತ್ತ ನೋಡಿ, "ನಿಜಾನಾ?" ಎಂದರು. ಇಲ್ಲವೆಂದರೆ ಹೆತ್ತವಳನ್ನು ತುಂಬಿದ ಕೋರ್ಟಿನಲ್ಲಿ ಸುಳ್ಳುಗಾತಿ ಮಾಡಿದಂತೆ. ಹೌದೆಂದರೆ ಹಿಂದಿನ ಬೆಂಚುಗಳವರೆಲ್ಲ ಬೀದಿಪಾಲು. ತಾಯಿಯ ಕೈ ಗಾಳಿಯಲ್ಲಿ ಅವಳನ್ನೇ ಹುಡುಕುತ್ತಿತ್ತು. ಆ ಕೈಯನ್ನು ನೋಡಲಾರದೆ ಹೋದಳು ಪುಟ್ಟಿ!

"ಹೌದು ಸ್ವಾಮಿ... ನಾನೇ ಎಲ್ಲೋ ಇಟ್ಟು ಮರೆತೆ."

ತಡಕ್ಕೆ ತಕ್ಕ ಕಾರಣವಿಲ್ಲ, ಮೇಲ್ಮನವಿ ವಜಾ. ಎರಡೇ ಸಾಲು, ಅದೂ ಕೋರ್ಟಿನ ಭಾಷೆಯಲ್ಲಿ.

ಹೊರಗಿನ ಜಗಲಿಯಲ್ಲಿ ತಾಯಿ ಮಗಳ ಕೈ ಬಿಗಿಹಿಡಿದಳು. "ತಪ್ಪು ತಿಳ್ಕೋಬೇಡ್ವೇ. ಈಗ ಬರ್ತಾನೆ ನೋಡು. ಕರಗೇ ಕರಗ್ತಾನೆ."

ಅವನು ಬಂದದ್ದೇನೋ ನಿಜ. ಕೋಟಿನ ಒಳಜೇಬಿನಿಂದ ಮಡಿಸಿದ ದಪ್ಪ ಹಾಳೆಗಳನ್ನು ತೆಗೆದು ತಾಯಿಯ ಮಡಿಲಿಗೆ ಹಾಕಿದ. "ಇದನ್ನ ಇನ್ನು ಇಟ್ಕೊಳ್ಳೋಕೆ ನನ್ನಿಂದ ಆಗಲ್ಲಮ್ಮ... ತಿಂಗಳ ಕೊನೆಗೆ ಮನೆ ಖಾಲಿ ಮಾಡ್ಸಿ," ಎಂದವನು ತಂಗಿಯ ಮುಖವನ್ನೂ ನೋಡದೆ ಇಳಿದುಹೋದ.

ತಾಯಿ ಬೆರಳಾಡಿಸಿದಳು. ನಿಲ್ಲಿಸಿ, ಮತ್ತೆ ಆಡಿಸಿದಳು. ಹೊಸದಾಗಿ ಚುಚ್ಚಿದ ಚುಕ್ಕಿ ಬೆರಳಿಗೆ ಚುರುಕಾಗಿ ತಾಗುತ್ತದೆ. ಇವು ತಾಗಲೇ ಇಲ್ಲ.

"ಸವೆದುಹೋಗಿದೆ ಪುಟ್ಟಿ... ಓದಿದಾನೆ. ಒಂದು ಸಲ ಅಲ್ಲ ಕಣೇ, ದಿನಾ ಓದಿದಾನೆ! ದಿನಾ ಓದಿ... ಸುಮ್ಮನಿದ್ದ! ತಗೊಂಡ್ಹೋಗು, ಜಡ್ಜ್ ಸಾಹೇಬ್ರಿಗೆ ತೋರ್ಸು!"

ಪುಟ್ಟಿ ವಕೀಲಮ್ಮನತ್ತ ನೋಡಿದಳು. ವಕೀಲಮ್ಮ ತಲೆ ತಗ್ಗಿಸಿದರು. "ತೋರಿಸಿದ್ರೆ ಸುಳ್ಳು ಪ್ರಮಾಣಕ್ಕೆ ಈಗ ಸಿಕ್ಕಿಬೀಳೋದು ನೀವಿಬ್ರೂ..."

ಅಷ್ಟರಲ್ಲಿ ಒಳಗಿನಿಂದ ಹತ್ತೊಂಬತ್ತು ಜನರ ಸಾಲು ಹೊರಬಂತು. "ಅಕ್ಕಾ, ಅವರ ಮಾತು ಅರ್ಥ ಆಗ್ಲಿಲ್ಲ. ಗೆದ್ವಾ?" ಎಂದಳು ಮುಂದಿನವಳು.

ಪುಟ್ಟಿ ಅವಳ ಕೈಯನ್ನು ತನ್ನ ಭುಜದ ಮೇಲೆ ಇಟ್ಟುಕೊಂಡಳು.

"ಏಳು ಮೆಟ್ಟಿಲಿದೆ... ನಿಧಾನ," ಎಂದಳು.